ಯಾರೂ ಒಡ್ಡದ ಅಡ್ಡಿ

2011ರ ನವೆಂಬರ್ 11ರಂದು ಹೊರಬಂದ ‘ಸ್ಕೈರಿಮ್’ ಎಂಬ ವಿಡಿಯೊ ಗೇಮಿನಲ್ಲಿ ವಿಂಡ್‌ಹೆಲ್ಮ್ ಎಂಬ ಹಿಮದ ಊರೊಂದಿದೆ. ಅಲ್ಲಿ ಒಂದು ರಾತ್ರಿ ಸ್ಮಶಾನದ ಬಳಿ ಹೆಂಗಸೊಬ್ಬಳ ಹೆಣ ಬಿದ್ದಿರುತ್ತದೆ. ಅದು ಮೊದಲ ಕೊಲೆಯಲ್ಲ. ಊರಿನಲ್ಲಿ ಹೆಂಗಸರು ಹೀಗೆ ಸಾಯುತ್ತಲೇ ಇದ್ದಾರೆ, ಯುದ್ಧದ ಗದ್ದಲದಲ್ಲಿ ಅದನ್ನು ವಿಚಾರಿಸುವವರಿಲ್ಲ. ಆಟಗಾರ ಆ ಹೊಣೆ ಹೊತ್ತರೆ ‘ಬ್ಲಡ್ ಆನ್ ದಿ ಐಸ್’ ಎಂಬ ಕ್ವೆಸ್ಟ್, ಅಂದರೆ ಆಟದೊಳಗಿನ ಒಂದು ಕಾರ್ಯ, ಶುರುವಾಗುತ್ತದೆ. ಕಂಡವರ ಹೇಳಿಕೆ ಕೇಳಬೇಕು, ಊರ ಒಡೆಯನ ಕಾರಭಾರಿಯ ಅಪ್ಪಣೆ ಪಡೆಯಬೇಕು, ರಕ್ತದ ಜಾಡು ಹಿಡಿದು ಹ್ಯೇರಿಮ್ ಎಂಬ ಖಾಲಿ ಮನೆಗೆ ಹೋಗಿ ಸುಳಿವು ಹುಡುಕಬೇಕು. ಕಥೆ ಚೆನ್ನಾಗಿದೆ. ಆದರೆ ಈ ಆಟದಲ್ಲಿ ನಡುದಾರಿಯಲ್ಲಿ ಕೆಟ್ಟು ನಿಲ್ಲುವುದಕ್ಕೆ ಹೆಸರಾದ ಕ್ವೆಸ್ಟ್‌ಗಳಲ್ಲಿ ಇದೂ ಒಂದು. ಇಂಥವನನ್ನು ಕೇಳು ಎಂದು ಆಟದ ಕೆಲಸಗಳ ಪಟ್ಟಿಯಾದ ಜರ್ನಲ್ ಹೇಳುತ್ತದೆ, ಹೋಗಿ ನಿಂತರೆ ಆ ಮನುಷ್ಯನ ಬಾಯಲ್ಲಿ ಆ ಮಾತೇ ಬರುವುದಿಲ್ಲ. ಆಟಗಾರ ಹಳೆಯ ಸೇವ್ ಫೈಲಿಗೆ ಮರಳುತ್ತಾನೆ, ಊರು ಬಿಟ್ಟು ಹೋಗಿ ಬರುತ್ತಾನೆ, ಆಟದೊಳಗೆ ದಿನಗಟ್ಟಲೆ ಕಾಯುತ್ತಾನೆ. ಯಾವುದಕ್ಕೂ ಜಗ್ಗದಿದ್ದರೆ, ಕಂಪ್ಯೂಟರಿನಲ್ಲಿ ಆಡುವವನು ಕಮಾಂಡ್ ಕನ್ಸೋಲ್ ತೆರೆದು, ‘ಸೆಟ್‌ಸ್ಟೇಜ್’ ಎಂದು ಬರೆದು, ಕ್ವೆಸ್ಟಿನ ಗುರುತನ್ನೂ ಹಂತದ ಸಂಖ್ಯೆಯನ್ನೂ ಕೊಟ್ಟು, ನಿಂತುಹೋದ ಕಥೆಯನ್ನು ಕೈಯಾರೆ ಮುಂದಿನ ಹಂತಕ್ಕೆ ತಳ್ಳುತ್ತಾನೆ.

ಹೀಗೆ ತಳ್ಳುವುದು ಸರಿಯೇ ಎಂಬ ಪ್ರಶ್ನೆ ಮೇಲುನೋಟಕ್ಕೆ ಆಟದ್ದು, ಒಳಗೆ ಧರ್ಮದ್ದು. ನಿಯಮಕ್ಕೆ ಒಳಪಟ್ಟ ಒಂದು ಲೋಕ, ಅದರೊಳಗೆ ಒಬ್ಬ ಕರ್ತೃ, ಅವನ ಮುಂದೆ ಒಂದು ಕರ್ತವ್ಯ, ಆ ಕರ್ತವ್ಯ ಅರ್ಧಕ್ಕೆ ಸಿಕ್ಕಿಹಾಕಿಕೊಂಡ ಸ್ಥಿತಿ: ಧರ್ಮಚಿಂತನೆ ಸಾವಿರಾರು ವರ್ಷಗಳಿಂದ ಎದುರಿಸಿದ್ದು ಇದನ್ನೇ. ಅಡ್ಡಿ ಬಂದಾಗ ಶ್ರದ್ಧಾವಂತರ ಬಾಯಿಗೆ ಬೇಗ ಬರುವ ಉತ್ತರಗಳು ಎರಡು. ದೇವರು ಪರೀಕ್ಷಿಸುತ್ತಿದ್ದಾನೆ ಎನ್ನುವುದು ಒಂದು, ಹಿಂದೆ ಮಾಡಿದ್ದರ ಫಲ ಎನ್ನುವುದು ಇನ್ನೊಂದು. ಎರಡರಲ್ಲೂ ಅಡ್ಡಿಯ ಹಿಂದೆ ಒಂದು ಉದ್ದೇಶವಿದೆ, ಆದ್ದರಿಂದ ಅದನ್ನು ಸಹಿಸುವುದೇ ಸರಿ ಎಂದಾಗುತ್ತದೆ. ಕೆಟ್ಟ ಕ್ವೆಸ್ಟ್ ನಮ್ಮ ಮುಂದಿಡುವುದು ಮೂರನೆಯ ಬಗೆಯ ಅಡ್ಡಿಯನ್ನು. ಅದನ್ನು ಯಾರೂ ಒಡ್ಡಿಲ್ಲ, ಅದರಿಂದ ಯಾರೂ ಏನನ್ನೂ ಕಲಿಸಬೇಕೆಂದಿಲ್ಲ, ಅದು ಯಾವ ತಪ್ಪಿನ ಕೂಲಿಯೂ ಅಲ್ಲ. ಇಂಥ ಅಡ್ಡಿಯ ಮುಂದೆ ತಲೆಬಾಗುವುದು ಭಕ್ತಿಯಲ್ಲ ಎಂದೇ ನನ್ನ ವಾದ. ಹಾಗೆಂದು ಅದನ್ನು ಹೇಗೆ ಬೇಕಾದರೂ ದಾಟಬಹುದು ಎಂದಲ್ಲ. ಯಾವುದನ್ನು ಬದಲಿಸಬಹುದು, ಯಾವುದನ್ನು ಬದಲಿಸಬಾರದು ಎಂಬುದಕ್ಕೆ ಸ್ಪಷ್ಟ ಗೆರೆಯಿದೆ, ಆ ಗೆರೆಯನ್ನು ವೇದವಿಧಿಗಳ ಅರ್ಥವನ್ನು ವಿಚಾರಿಸಿದ ನಮ್ಮ ಮೀಮಾಂಸಕರು ಎಂದೋ ಎಳೆದಿಟ್ಟಿದ್ದಾರೆ.

ಯಾರೂ ಒಡ್ಡದ ಅಡ್ಡಿ ಹುಟ್ಟುವುದಾದರೂ ಹೇಗೆ? ಸ್ಕೈರಿಮ್‌ನಂಥ ಆಟದಲ್ಲಿ ಕಥೆ ಹಳಿಯ ಮೇಲೆ ಓಡುವುದಿಲ್ಲ. ಆಟಗಾರ ಎತ್ತ ಬೇಕಾದರೂ ಹೋಗಬಹುದು, ಯಾವ ಕೆಲಸವನ್ನು ಯಾವಾಗ ಬೇಕಾದರೂ ಕೈಗೆತ್ತಿಕೊಳ್ಳಬಹುದು. ಊರಿನ ಜನ ಬೆಳಗ್ಗೆ ಏಳುತ್ತಾರೆ, ಅಂಗಡಿ ತೆರೆಯುತ್ತಾರೆ, ರಾತ್ರಿ ಮಲಗುತ್ತಾರೆ. ಡ್ರ್ಯಾಗನ್ ಬಂದೆರಗಿದರೆ ಅವರಲ್ಲಿ ಕೆಲವರು ಸತ್ತೂ ಹೋಗುತ್ತಾರೆ. 2012ರಲ್ಲಿ ಬಂದ ‘ಡಾನ್‌ಗಾರ್ಡ್’ ಎಂಬ ವಿಸ್ತರಣೆಯ ನಂತರ ರಕ್ತಪಿಶಾಚಿಗಳು ಊರಿಗೇ ನುಗ್ಗಿ ಅಂಗಡಿಯವರನ್ನು ಕೊಂದುಹಾಕತೊಡಗಿದವು. ಪ್ರತಿ ಕ್ವೆಸ್ಟೂ ಇಂಥ ಮಾತು ಆಗಲಿ, ಇಂಥ ವಸ್ತು ಸಿಗಲಿ ಎಂದು ಕಾಯುವ ಹಂತಗಳ ಸರಣಿ. ಸಾವಿರಾರು ಸಾಮಾನ್ಯ ನಿಯಮಗಳು ಒಟ್ಟಿಗೆ ನಡೆಯುವಾಗ, ಎಲ್ಲೋ ಒಂದು ಕಡೆ ಎರಡು ನಿಯಮಗಳು ಯಾರೂ ಊಹಿಸದ ಕ್ರಮದಲ್ಲಿ ಎದುರಾಗಿ ಕಾಯುವ ಹಂತ ಕಾಯುತ್ತಲೇ ಉಳಿಯುತ್ತದೆ. ಫ್ರಾನ್ಸಿನ ಪಾದ್ರಿ ಮಾಲ್‌ಬ್ರಾಂಶ್ 1680ರಲ್ಲಿ ನಿಸರ್ಗ ಮತ್ತು ಕೃಪೆಯ ಬಗ್ಗೆ ಬರೆದ ಗ್ರಂಥದಲ್ಲಿ ದೇವರ ಸೃಷ್ಟಿಯ ಬಗ್ಗೆ ಹೇಳಿದ್ದೂ ಹೆಚ್ಚುಕಡಿಮೆ ಇದನ್ನೇ. ಮಳೆ ಬಿತ್ತಿದ ಹೊಲದ ಮೇಲೂ ಬೀಳುತ್ತದೆ, ಸಮುದ್ರದ ಮೇಲೂ ಬೀಳುತ್ತದೆ. ಸಮುದ್ರದ ಮೇಲೆ ಬಿದ್ದ ಮಳೆಗೆ ಬೇರೆ ಉದ್ದೇಶವನ್ನು ಹುಡುಕಬೇಕಾಗಿಲ್ಲ, ಏಕೆಂದರೆ ದೇವರು ಸರಳವಾದ ಸಾಮಾನ್ಯ ನಿಯಮಗಳ ಮೂಲಕ ನಡೆದುಕೊಳ್ಳುತ್ತಾನೆ. ಅಂಗವಿಕಲ ಜನನದಂಥ ನೋವಿನ ಸಂಗತಿಗಳನ್ನೂ ಅವನು ಹೀಗೆಯೇ ವಿವರಿಸಿದ. ಅವು ಆ ನಿಯಮಗಳಿಂದ ಹೊಮ್ಮಿದವು, ದೇವರು ಅವನ್ನೇ ಬಯಸಿ ಮಾಡಿದ್ದಲ್ಲ. ಅವನ ಕಾಲದ ದೇವತಾಶಾಸ್ತ್ರಜ್ಞರು ಇದನ್ನು ಉಗ್ರವಾಗಿ ವಿರೋಧಿಸಿದರು. ಆದರೆ ಕಷ್ಟದಲ್ಲಿರುವವನಿಗೆ, ಇದು ನಿನ್ನನ್ನು ಗುರಿಯಿಟ್ಟು ಬಂದದ್ದಲ್ಲ ಎಂದು ಹೇಳುವ ಧೈರ್ಯ ಆ ವಾದಕ್ಕಿದೆ. ಆ ಕಾರಣಕ್ಕೇ ಅದು ನನಗೆ ಹತ್ತಿರವಾದದ್ದು.

ಇಲ್ಲೊಂದು ವ್ಯತ್ಯಾಸವನ್ನು ಎಚ್ಚರದಿಂದ ಗಮನಿಸಬೇಕು. ಇದೇ ವಿಂಡ್‌ಹೆಲ್ಮ್ ಕ್ವೆಸ್ಟಿನಲ್ಲಿ ಆಟಗಾರನಿಗೆ ಒಂದು ತಾಯಿತ ಸಿಗುತ್ತದೆ. ಅಪರೂಪದ ವಸ್ತುಗಳ ಅಂಗಡಿಯಿಟ್ಟಿರುವ ಕ್ಯಾಲಿಕ್ಸ್ಟೊ ಎಂಬವನು ಅದನ್ನು ನೋಡಿ, ಇದು ಆಸ್ಥಾನದ ಮಾಂತ್ರಿಕನ ಬಳಿ ಇರುವ ವಸ್ತು ಎಂದುಬಿಡುತ್ತಾನೆ. ಆ ಮಾತನ್ನು ನಂಬಿ ಮಾಂತ್ರಿಕ ವೂನ್‌ಫರ್ತ್‌ನ ಮೇಲೆ ಆರೋಪ ಹೊರಿಸಿದರೆ ನಿರಪರಾಧಿ ಸೆರೆಮನೆಗೆ ಹೋಗುತ್ತಾನೆ, ನಿಜವಾದ ಕೊಲೆಗಾರ ಹೊರಗೇ ಉಳಿಯುತ್ತಾನೆ, ಕೊಲೆ ನಿಲ್ಲುವುದಿಲ್ಲ. ಇದು ಗ್ಲಿಚ್ ಅಲ್ಲ, ಅಂದರೆ ಆಟ ಕೆಟ್ಟು ನಿಂತದ್ದಲ್ಲ. ಲೋಕ ಇಲ್ಲಿ ಉತ್ತರ ಕೊಟ್ಟಿದೆ, ನೀನು ಸರಿಯಾಗಿ ನೋಡಲಿಲ್ಲ ಎಂದು ಹೇಳಿದೆ. ಸೋಲು, ನಷ್ಟ, ತಪ್ಪು ತೀರ್ಪು ಇವೆಲ್ಲ ಲೋಕ ನಮ್ಮೊಡನೆ ಮಾತಾಡುವ ರೀತಿಗಳು. ಗ್ಲಿಚ್‌ನಲ್ಲಿ ಲೋಕ ಮಾತನ್ನೇ ನಿಲ್ಲಿಸುತ್ತದೆ. ಮಾಡಬೇಕಾದದ್ದನ್ನು ಮಾಡಿದ್ದೇವೆ, ಅದಕ್ಕೆ ಹೌದೂ ಇಲ್ಲ, ಅಲ್ಲವೂ ಇಲ್ಲ. ಪರೀಕ್ಷೆ ಎನ್ನಬೇಕಾದರೆ ಅದರಲ್ಲಿ ತೇರ್ಗಡೆಯಾಗುವ ದಾರಿಯಾದರೂ ಇರಬೇಕು. ಎಷ್ಟು ತಾಳಿದರೂ ಎಷ್ಟು ಬದಲಾದರೂ ಫಲಿತಾಂಶ ಕದಲದ ಸ್ಥಿತಿಯನ್ನು ಪರೀಕ್ಷೆ ಎಂದು ಕರೆಯುವುದು ಪರೀಕ್ಷಿಸುವವನಿಗೂ ಅವಮಾನ, ಪರೀಕ್ಷೆಗೊಳಗಾದವನಿಗೂ ಅನ್ಯಾಯ.

ಹಾಗಿದ್ದರೆ ಕನ್ಸೋಲ್ ತೆರೆಯುವುದು ಏನಾಯಿತು? ಪವಾಡವೇ? 1748ರಲ್ಲಿ ತತ್ತ್ವಜ್ಞಾನಿ ಹ್ಯೂಮ್ ಪವಾಡವನ್ನು ನಿಸರ್ಗನಿಯಮದ ಉಲ್ಲಂಘನೆ ಎಂದು ವಿವರಿಸಿದ. ಹೊರಗಿನಿಂದ ಬಂದು ಹಂತದ ಸಂಖ್ಯೆಯನ್ನು ಬದಲಿಸುವುದು ಆ ವಿವರಣೆಗೆ ಹೊಂದುವಂತೆ ಕಾಣುತ್ತದೆ. ಅದಕ್ಕೂ ಮೊದಲು, 1715 ಮತ್ತು 1716ರಲ್ಲಿ, ತತ್ತ್ವಜ್ಞಾನಿ ಲೈಬ್ನಿಟ್ಸ್ ಮತ್ತು ನ್ಯೂಟನ್ನನ ಪರವಾಗಿ ವಾದಿಸಿದ ಸ್ಯಾಮ್ಯುಯೆಲ್ ಕ್ಲಾರ್ಕ್ ನಡುವೆ ನಡೆದ ಪತ್ರವಾದದ ಒಂದು ಮುಖ್ಯ ಎಳೆಯೂ ಹೊರಗಿನ ಇಂಥ ಹಸ್ತಕ್ಷೇಪವೇ. ಗ್ರಹಮಂಡಲದ ವ್ಯವಸ್ಥೆಯನ್ನು ದೇವರು ಎಂದೋ ಒಮ್ಮೆ ಸರಿಪಡಿಸಬೇಕಾಗುತ್ತದೆ ಎಂದು ನ್ಯೂಟನ್ ಭಾವಿಸಿದ್ದ. ತಾನು ಮಾಡಿದ ಗಡಿಯಾರವನ್ನು ಆಗಾಗ ರಿಪೇರಿ ಮಾಡಬೇಕಾದವನು ಎಂಥ ಕುಶಲಕರ್ಮಿ ಎಂಬುದು ಲೈಬ್ನಿಟ್ಸನ ಆಕ್ಷೇಪ. ದೇವರ ನಿರಂತರ ಆಡಳಿತವನ್ನು ದೋಷವೆಂದು ಎಣಿಸಿದರೆ ಕೊನೆಗೆ ದೇವರೇ ಬೇಡವಾಗುತ್ತಾನೆ ಎಂಬುದು ಕ್ಲಾರ್ಕನ ಮರುತ್ತರ. ಲೈಬ್ನಿಟ್ಸನ ಸಾವಿನೊಂದಿಗೆ ಆ ವಾದ ನಿಂತಿತು. ಈ ವಾದವನ್ನು ಕೆಟ್ಟ ಕ್ವೆಸ್ಟಿನ ಪಕ್ಕ ಇಟ್ಟು ನೋಡಿದರೆ ಇಬ್ಬರೂ ಒಂದು ಸಾಧ್ಯತೆಯನ್ನು ಬಿಟ್ಟದ್ದು ಕಾಣುತ್ತದೆ. ಸರಿಪಡಿಸುವವನು ಸೃಷ್ಟಿಕರ್ತನೇ ಆಗಿರಬೇಕೆಂದು ಇಬ್ಬರೂ ಹಿಡಿದುಕೊಂಡರು. ಇಲ್ಲಿ ಸರಿಪಡಿಸುತ್ತಿರುವವನು ಆಟ ಮಾಡಿದವನಲ್ಲ, ಕ್ವೆಸ್ಟಿನ ಹೊಣೆ ಹೊತ್ತವನು. ಹೊಣೆ ಹೊತ್ತವನ ರಿಪೇರಿಗೆ ಕುಶಲಕರ್ಮಿಯ ಮಾನಾಪಮಾನದ ಸಂಬಂಧವಿಲ್ಲ, ಅದನ್ನು ಅಳೆಯುವ ಕೋಲೇ ಬೇರೆ.

ಆ ಕೋಲು ಜೈಮಿನಿಯ ಮೀಮಾಂಸಾಸೂತ್ರದ ಆರನೆಯ ಅಧ್ಯಾಯದಲ್ಲಿದೆ. ಯಜ್ಞ ಶುರುವಾಗಿದೆ, ವಿಧಿಸಿದ ಭತ್ತ ಸಿಗಲಿಲ್ಲ ಅಥವಾ ನಡುವೆ ಹಾಳಾಯಿತು, ಆಹುತಿಯ ರೊಟ್ಟಿಯಾದ ಪುರೋಡಾಶ ಸುಟ್ಟುಹೋಯಿತು, ಸೋಮಲತೆ ದೊರೆಯಲಿಲ್ಲ, ಆಗೇನು ಮಾಡಬೇಕು? ಇಂಥ ಪ್ರಶ್ನೆಗಳನ್ನು ಆ ಅಧ್ಯಾಯ ಒಂದೊಂದಾಗಿ ಎತ್ತಿಕೊಂಡು ಬಿಡಿಸುತ್ತದೆ. ಯಜ್ಞ ಕೆಟ್ಟಿತು, ದೇವತೆಗೆ ಇಷ್ಟವಿರಲಿಲ್ಲ ಎಂದು ಕೈಚೆಲ್ಲುವ ಮಾತು ಅಲ್ಲಿಲ್ಲ. ಫಲಕ್ಕಾಗಿ ಮಾಡುವ ಕಾಮ್ಯಕರ್ಮವನ್ನು ಕೂಡ ಶುರು ಮಾಡಿದ ಮೇಲೆ ಮುಗಿಸಲೇಬೇಕು ಎಂಬುದು ಅಲ್ಲಿಯ ನಿರ್ಣಯ. ಮುಗಿಸುವುದಕ್ಕಾಗಿ ಪ್ರತಿನಿಧಿದ್ರವ್ಯ, ಅಂದರೆ ಬದಲಿ ವಸ್ತು, ಬರುತ್ತದೆ. ಭತ್ತವಿಲ್ಲದಿದ್ದರೆ ನೀವಾರವೆಂಬ ಕಾಡುಭತ್ತ, ಸೋಮವಿಲ್ಲದಿದ್ದರೆ ಪೂತೀಕ. ಬದಲಿ ಯಾವುದಾದರೂ ಆಗಬಹುದೇ? ಇಲ್ಲ, ಮೂಲಕ್ಕೆ ಹೋಲುವಂಥದ್ದೇ ಆಗಬೇಕು. ನೀವಾರದಲ್ಲಿ ಭತ್ತದ ಅಂಶಗಳು ಇರುವುದರಿಂದ ಅದನ್ನು ಬಳಸಿದವನು ಆದಷ್ಟು ಮಟ್ಟಿಗೆ ಭತ್ತವನ್ನೇ ಬಳಸಿದಂತೆ ಎಂದು ಭಾಷ್ಯಕಾರರು ವಿವರಿಸುತ್ತಾರೆ. ಯಜ್ಞಕ್ಕೆ ನಿಷಿದ್ಧವೆಂದು ಹೇಳಿದ ಧಾನ್ಯ ಎಷ್ಟೇ ಹೋಲುತ್ತಿದ್ದರೂ ಬದಲಿಯಾಗಿ ಬರುವಂತಿಲ್ಲ. ನಡುವೆ ಮೂಲವಸ್ತುವೇ ಸಿಕ್ಕಿಬಿಟ್ಟರೆ ಬದಲಿಯನ್ನು ಬಿಟ್ಟು ಮೂಲಕ್ಕೆ ಮರಳಬೇಕು. ಈ ಮಾತುಗಳನ್ನು ಓದುವಾಗ ಆ ಪಂಡಿತರ ಮನಸ್ಸಿನ ಗಟ್ಟಿತನಕ್ಕೆ ಬೆರಗಾಗುತ್ತದೆ. ನಿಯಮವನ್ನು ಅವರಷ್ಟು ಬಿಗಿಯಾಗಿ ಹಿಡಿದವರು ಕಡಿಮೆ. ಅಂಥವರೇ ನಿಯಮ ಮುರಿದು ಬಿದ್ದಾಗ ದಾಟುವ ದಾರಿಯನ್ನು ನಿಯಮದೊಳಗಿನಿಂದಲೇ ತೆಗೆದರು.

ಬದಲಿಯೇ ಇಲ್ಲದ ಸಂಗತಿಗಳನ್ನೂ ಅವರು ಹೆಸರಿಸಿದರು. ದೇವತೆಯನ್ನು, ಅಗ್ನಿಯನ್ನು, ಮಂತ್ರವನ್ನು, ವಿಧಿಸಿದ ಕ್ರಿಯೆಯನ್ನು ಬದಲಿಸುವಂತಿಲ್ಲ. ಸತ್ರದಂಥ ಸಾಮೂಹಿಕ ಯಾಗದ ವಿಶೇಷ ಸಂದರ್ಭ ಬಿಟ್ಟರೆ ಯಜ್ಞ ಮಾಡಿಸುವ ಯಜಮಾನನಿಗೂ ಬದಲಿಯಿಲ್ಲ. ಇಲ್ಲಿ ಸೂಕ್ಷ್ಮವೊಂದಿದೆ. ಯಜ್ಞದ ಬಹುಪಾಲು ಕೆಲಸವನ್ನು ದಕ್ಷಿಣೆ ಪಡೆದ ಋತ್ವಿಜರೇ ಮಾಡುತ್ತಾರೆ, ಅದಕ್ಕೆ ಶಾಸ್ತ್ರದ ಒಪ್ಪಿಗೆಯಿದೆ. ಆದರೆ ಇದು ನನ್ನದಲ್ಲ ಎಂದು ದ್ರವ್ಯವನ್ನು ಬಿಟ್ಟುಕೊಡುವ ತ್ಯಾಗವನ್ನು ಯಜಮಾನನೇ ಮಾಡಬೇಕು. ಬದಲಿಸಲಾಗದ ಭಾಗ ಗಾತ್ರದಲ್ಲಿ ತೀರ ಸಣ್ಣದು, ಕ್ರಿಯೆ ಅವನದಾಗುವುದು ಮಾತ್ರ ಅದರಿಂದಲೇ. ಆಟಕ್ಕೆ ಇದನ್ನು ಹಚ್ಚಿ ನೋಡಬಹುದು. ಕೇಳಬೇಕಾದವನನ್ನು ಕೇಳಿಯಾಗಿದೆ, ಅವನ ಬಾಯಿ ತೆರೆಯುತ್ತಿಲ್ಲ, ಹಂತವನ್ನು ಒಂದು ಅಂಕಿ ಮುಂದಕ್ಕೆ ಸರಿಸಿದರೆ ಅಲ್ಲಿಂದ ಮುಂದಿನ ಹುಡುಕಾಟ, ಅನುಮಾನ, ತೀರ್ಪು ಎಲ್ಲವೂ ಮತ್ತೆ ಆಟಗಾರನ ಪಾಲಿಗೇ ಬರುತ್ತವೆ. ಇದು ಭತ್ತಕ್ಕೆ ನೀವಾರ. ‘ಕಂಪ್ಲೀಟ್‌ಕ್ವೆಸ್ಟ್’ ಎಂಬ ಇನ್ನೊಂದು ಆದೇಶವಿದೆ. ಅದು ಕ್ವೆಸ್ಟ್ ಮುಗಿದಿದೆ ಎಂದು ನಮೂದಿಸುತ್ತದೆ, ಅಷ್ಟೆ. ಯಾರೂ ಏನನ್ನೂ ಹುಡುಕಲಿಲ್ಲ, ಯಾರೂ ಏನನ್ನೂ ನಿರ್ಣಯಿಸಲಿಲ್ಲ. ಅಲ್ಲಿ ಬದಲಾದದ್ದು ವಸ್ತುವಲ್ಲ, ಯಜಮಾನನೇ ಇಲ್ಲವಾದ. ಒಂದೇ ಕನ್ಸೋಲಿನಲ್ಲಿ ಅಕ್ಕಪಕ್ಕದಲ್ಲಿರುವ ಈ ಎರಡು ಆದೇಶಗಳು ಧರ್ಮದ ದೃಷ್ಟಿಯಲ್ಲಿ ಬೇರೆಬೇರೆ ಜಾತಿಯವು. ವೂನ್‌ಫರ್ತ್‌ನ ಮೇಲೆ ತಪ್ಪು ಆರೋಪ ಹೊರಿಸಿದವನು ಅದನ್ನು ಅಳಿಸಲು ಕನ್ಸೋಲ್ ತೆರೆದರೆ ಅದೂ ಎರಡನೆಯ ಜಾತಿಗೇ ಸೇರುತ್ತದೆ, ಏಕೆಂದರೆ ಆ ತೀರ್ಪು ಕೆಟ್ಟುಹೋದ ಸಾಮಗ್ರಿಯಲ್ಲ, ಅವನೇ ಮಾಡಿದ ಕ್ರಿಯೆ.

ಆಟದ ಕರ್ತೃವಿನ ಉದ್ದೇಶ ನಿನಗೆ ಹೇಗೆ ಗೊತ್ತು, ಗ್ಲಿಚ್ ಎಂದು ನೀನು ಕರೆಯುವುದು ಅವರು ಬೇಕೆಂದೇ ಇಟ್ಟದ್ದಾಗಿರಬಾರದೇಕೆ ಎಂಬ ಆಕ್ಷೇಪ ಬರುತ್ತದೆ. ಇದಕ್ಕೂ ಮೀಮಾಂಸೆಯಲ್ಲಿ ಉತ್ತರವಿದೆ, ಅದೂ ಅನಿರೀಕ್ಷಿತ ದಿಕ್ಕಿನಿಂದ. ಮೀಮಾಂಸಕರಿಗೆ ವೇದ ಅಪೌರುಷೇಯ, ಅದಕ್ಕೆ ಕರ್ತೃವೇ ಇಲ್ಲ. ಲೋಕವನ್ನು ಸೃಷ್ಟಿಸಿದ ಈಶ್ವರನಿದ್ದಾನೆ ಎಂಬ ವಾದವನ್ನು ಮೀಮಾಂಸಕ ಕುಮಾರಿಲಭಟ್ಟ ‘ಶ್ಲೋಕವಾರ್ತಿಕ’ದಲ್ಲಿ ನಿರಾಕರಿಸುತ್ತಾನೆ. ಹೀಗಾಗಿ ಕರ್ತೃವಿನ ಮನಸ್ಸಿನಲ್ಲಿ ಏನಿತ್ತು ಎಂದು ಕೇಳುವ ಅವಕಾಶವೇ ಅವರಿಗಿರಲಿಲ್ಲ. ಉದ್ದೇಶ ವಾಕ್ಯದಲ್ಲಿಯೇ ಇದೆ, ವಾಕ್ಯ ಏನನ್ನು ಸಾಧ್ಯವಾಗಿಸಬೇಕೆನ್ನುತ್ತದೆ, ಯಾವುದು ಪ್ರಧಾನ, ಯಾವುದು ಅಂಗ ಎಂದು ವಿಂಗಡಿಸುವುದೇ ಅರ್ಥ ತಿಳಿಯುವ ಬಗೆ. ಕ್ವೆಸ್ಟಿಗೂ ಇಷ್ಟು ಸಾಕು. ಇಂಥವನನ್ನು ಕೇಳು ಎಂದು ಜರ್ನಲಿನ ವಾಕ್ಯವೇ ವಿಧಿಸಿದೆ. ಅದೇ ಲೋಕ ಕೇಳುವ ದಾರಿಯನ್ನು ಮುಚ್ಚಿದ್ದರೆ ಆ ಎರಡು ಒಂದಕ್ಕೊಂದು ವಿರುದ್ಧವಾಗಿವೆ. ಬೇರೆ ಆಟಗಾರರ ಲೋಕದಲ್ಲಿ ಅದೇ ಮನುಷ್ಯ ಅದೇ ಹಂತದಲ್ಲಿ ಮಾತಾಡುತ್ತಾನೆ ಎಂಬುದು ಇನ್ನೊಂದು ಸಾಕ್ಷ್ಯ. ವಿಧಿಸಿದ್ದನ್ನು ತಾನೇ ಅಸಾಧ್ಯವಾಗಿಸುವ ಅಡ್ಡಿ ವಿಧಿಯ ಭಾಗವಾಗಿರಲಾರದು.

ಒಮ್ಮೆ ಕನ್ಸೋಲ್ ತೆರೆದವನ ಕೈ ಅಲ್ಲಿಗೇ ನಿಲ್ಲುವುದಿಲ್ಲ, ಇಂದು ಕೆಟ್ಟ ಹಂತವನ್ನು ದಾಟಿದವನು ನಾಳೆ ಕಷ್ಟದ ಹಂತವನ್ನೂ ದಾಟುತ್ತಾನೆ ಎಂಬ ಭಯಕ್ಕೆ ನಾನು ಹೆಚ್ಚು ಬೆಲೆ ಕೊಡುತ್ತೇನೆ. ಅಭ್ಯಾಸದ ಬಲ ಸಣ್ಣದಲ್ಲ. ಕಷ್ಟವನ್ನೇ ಕೆಡುಕೆಂದು ಕರೆದುಕೊಳ್ಳುವ ಚಾಳಿ ಮನುಷ್ಯನಿಗೆ ಸುಲಭವಾಗಿ ಬರುತ್ತದೆ. ಆದರೆ ಇದಕ್ಕೆ ಪರಿಹಾರ ದಾಟುವುದನ್ನೇ ನಿಷೇಧಿಸುವುದಲ್ಲ. ನಿಷೇಧಿಸಿದರೆ ನಿಜವಾಗಿ ಕೆಟ್ಟದ್ದರ ಮುಂದೆ ಕುಳಿತವನು ತನ್ನಲ್ಲೇ ತಪ್ಪು ಹುಡುಕತೊಡಗುತ್ತಾನೆ, ಸಂತಾನವಿಲ್ಲದವರಿಗೆ, ಕಾಯಿಲೆಯ ಮಕ್ಕಳ ತಾಯಂದಿರಿಗೆ ಧರ್ಮದ ಹೆಸರಿನಲ್ಲಿ ಆಗಿರುವುದು ಇದೇ. ನಿತ್ಯ ಮತ್ತು ಕಾಮ್ಯಗಳ ನಡುವೆ ಮೀಮಾಂಸಕರು ಮಾಡಿದ ಭೇದ ಇಲ್ಲಿ ಕೆಲಸಕ್ಕೆ ಬರುತ್ತದೆ. ಮಾಡಲೇಬೇಕಾದ ಅಗ್ನಿಹೋತ್ರದಂಥ ನಿತ್ಯಕರ್ಮದಲ್ಲಿ ಶಕ್ತಿಯಿದ್ದಷ್ಟು ಅಂಗಗಳನ್ನು ನಡೆಸಿದರೂ ಕರ್ಮ ಸಲ್ಲುತ್ತದೆ. ಫಲ ಬಯಸಿ ಮಾಡುವ ಕಾಮ್ಯದಲ್ಲಿ ಎಲ್ಲ ಅಂಗಗಳೂ ಪೂರ್ತಿಯಾಗಿರಬೇಕು. ಹ್ಯೇರಿಮ್ ಮನೆಯನ್ನು ಸ್ವಂತಕ್ಕೆ ಪಡೆಯಲು ಈ ಕೊಲೆಯ ವಿಚಾರಣೆ ಅಡ್ಡ ಬರುತ್ತದೆಂದು ಅದನ್ನು ಹಾರಿಸಲು ಹೊರಟವನಿಗೂ, ಕೊಲೆ ನಿಲ್ಲಿಸಲೆಂದು ಹೊರಟು ಸಿಕ್ಕಿಬಿದ್ದವನಿಗೂ ಒಂದೇ ರಿಯಾಯಿತಿ ಸಿಗುವುದಿಲ್ಲ.

ನಮ್ಮ ಕಡೆಯಿಂದಲೇ ಏಳುವ ಇನ್ನೊಂದು ಆಕ್ಷೇಪ ಗಣಪತಿಯದು. ವಿಘ್ನಕ್ಕೂ ಒಬ್ಬ ಒಡೆಯನಿದ್ದಾನೆ, ವಿಘ್ನವನ್ನು ಒಡ್ಡುವವನೂ ತೆಗೆಯುವವನೂ ಅವನೇ ಎಂದು ನಂಬುವ ನಾಡಿನಲ್ಲಿ ಯಾರೂ ಒಡ್ಡದ ಅಡ್ಡಿ ಎಂಬ ಮಾತಿಗೆ ಅರ್ಥವೇನು? ಆದರೆ ಆ ಪೂಜೆಯಲ್ಲಿ ಭಕ್ತ ಬೇಡುವುದೇನೆಂದು ನೋಡಬೇಕು. ಈ ವಿಘ್ನದ ಅರ್ಥ ತಿಳಿಸು ಎಂದು ಯಾರೂ ಗಣಪತಿಯನ್ನು ಕೇಳುವುದಿಲ್ಲ, ನಿವಾರಿಸು ಎನ್ನುತ್ತಾರೆ. ನಿವಾರಿಸು ಎಂದ ಮೇಲೆ ಕೈಕಟ್ಟಿ ಕೂರುವುದೂ ಇಲ್ಲ, ಪೂಜೆ ಮುಗಿಸಿ ಕೆಲಸಕ್ಕೇ ಇಳಿಯುತ್ತಾರೆ. ಛಾಂದೋಗ್ಯ ಉಪನಿಷತ್ತಿನ ನಾಲ್ಕನೆಯ ಅಧ್ಯಾಯದಲ್ಲಿಯೂ ಯಜ್ಞದಲ್ಲಿ ಋಕ್ಕಿನ ಕಡೆಯಿಂದ ದೋಷವಾದರೆ ಒಂದು ಅಗ್ನಿಯಲ್ಲಿ, ಯಜುಸ್ಸಿನ ಕಡೆಯಿಂದಾದರೆ ಇನ್ನೊಂದರಲ್ಲಿ, ಸಾಮದ ಕಡೆಯಿಂದಾದರೆ ಮತ್ತೊಂದರಲ್ಲಿ ಆಹುತಿ ಕೊಟ್ಟು ಸರಿಪಡಿಸುವ ವಿಧಾನವಿದೆ. ಯಜ್ಞದ ಉದ್ದಕ್ಕೂ ಮೌನವಾಗಿ ಕುಳಿತು, ತಪ್ಪಿದ್ದನ್ನು ಕಂಡು ಕೂಡಿಸುವುದಕ್ಕೆಂದೇ ಬ್ರಹ್ಮನೆಂಬ ಋತ್ವಿಜನಿದ್ದಾನೆ. ಕೆಡಬಹುದು ಎಂಬುದನ್ನು ಮೊದಲೇ ಒಪ್ಪಿ, ರಿಪೇರಿಯನ್ನು ಕರ್ಮದ ಅಂಗವಾಗಿಯೇ ಸೇರಿಸಿಕೊಂಡ ವ್ಯವಸ್ಥೆ ಇದು. ಆಟಗಳಲ್ಲಿಯೂ ಇಂಥ ಒಂದು ಉದಾಹರಣೆ ಇದೆ. ಇದೇ ಸರಣಿಯ 2002ರ ‘ಮಾರೋವಿಂಡ್’ನಲ್ಲಿ ಮುಖ್ಯ ಕಥೆಗೆ ಬೇಕಾದವರನ್ನೂ ಆಟಗಾರ ಕೊಂದುಬಿಡಬಹುದು, ಭವಿಷ್ಯವಾಣಿಯ ಎಳೆ ಕಡಿಯಿತು ಎಂದು ಆಟ ಎಚ್ಚರಿಸುತ್ತದೆ. ಆದರೂ ಕೊನೆ ಮುಟ್ಟಲು ಬಳಸುದಾರಿಯೊಂದನ್ನು ಅದು ಉಳಿಸಿದೆ. ದೇವರೆನಿಸಿಕೊಂಡ ವಿವೆಕ್ ಸತ್ತರೂ, ಅವನ ಬಳಿಯಿದ್ದ ಕೈಗವಸನ್ನು ಆ ಲೋಕದ ಅಳಿದ ಕುಬ್ಜ ಕುಲದಲ್ಲಿ ಉಳಿದಿರುವ ಕೊನೆಯವನ ಬಳಿಗೆ ಒಯ್ದರೆ ಅವನು ಅದನ್ನು ಬಳಸುವಂತೆ ಮಾಡಿಕೊಡಬಲ್ಲ. 2006ರ ‘ಒಬ್ಲಿವಿಯನ್’ನಲ್ಲಿ ಮುಖ್ಯರಾದವರು ಸಾಯುವುದನ್ನೇ ತಡೆದರು, ಏಟು ತಿಂದವರು ಮೂರ್ಛೆ ಹೋಗಿ ಮತ್ತೆ ಎದ್ದುಕೊಳ್ಳುತ್ತಾರೆ. ಕೆಡದಂತೆ ಕಾಯುವ ಲೋಕಕ್ಕಿಂತ ಕೆಟ್ಟಮೇಲೂ ದಾರಿ ಬಿಟ್ಟಿರುವ ಲೋಕ ಧರ್ಮಕ್ಕೆ ಹತ್ತಿರ ಎಂದು ನನ್ನ ಎಣಿಕೆ.

ಬದುಕಿನಲ್ಲಿ ಕನ್ಸೋಲ್ ಎಲ್ಲಿದೆ ಎಂದು ಕೇಳುವವರು ಮರೆಯುವುದೊಂದಿದೆ. ಪ್ಲೇಸ್ಟೇಷನ್ 3 ಅಥವಾ ಎಕ್ಸ್‌ಬಾಕ್ಸ್ 360ರಲ್ಲಿ ಸ್ಕೈರಿಮ್ ಆಡಿದವರಿಗೂ ಆದೇಶ ಬರೆಯುವ ಸೌಲಭ್ಯವಿರಲಿಲ್ಲ. ಊರಿಗೆ ಬೇರೆ ಹೊತ್ತಿನಲ್ಲಿ ಬರುವುದು, ಕೆಲಸಗಳ ಕ್ರಮ ಬದಲಿಸುವುದು, ಹಿಂದಿನ ಸೇವ್‌ನಿಂದ ಮತ್ತೆ ನಡೆದು ಬರುವುದು ಇವೇ ಅವರಿಗಿದ್ದ ಉಪಾಯಗಳು, ಇವೆಲ್ಲ ಲೋಕದ ನಿಯಮಗಳೊಳಗಿನವು. ದಾಟುವಿಕೆಯ ಸ್ವರೂಪ ಆದೇಶದ ಪಟ್ಟಿಯಲ್ಲಿಲ್ಲ, ಯಾವುದನ್ನು ಬಿಟ್ಟುಕೊಟ್ಟು ಯಾವುದನ್ನು ಉಳಿಸಿಕೊಂಡೆವು ಎಂಬುದರಲ್ಲಿದೆ. ಈ ಅಳತೆಗೋಲು ಎಲ್ಲ ಕಡೆ ಅನುಕೂಲದ ಉತ್ತರವನ್ನೇ ಕೊಡುತ್ತದೆ ಎಂದೂ ಅಲ್ಲ. ಕ್ವೆಸ್ಟ್ ಕೆಟ್ಟು ನಿಂತದ್ದು ಅಪರಾಧಿ ಯಾರೆಂದು ನಿರ್ಣಯಿಸುವ ಹಂತದಲ್ಲೇ ಎಂದಿಟ್ಟುಕೊಂಡರೆ, ಆ ಹಂತವನ್ನು ತಳ್ಳಿ ದಾಟುವುದೆಂದರೆ ತೀರ್ಪನ್ನು ಆಟದ ಯಂತ್ರಕ್ಕೆ ಒಪ್ಪಿಸಿದಂತೆ. ಅಲ್ಲಿ ನೀವಾರವಿಲ್ಲ. ಕೆಡುವ ಮೊದಲಿನ ಸೇವ್‌ಗೆ ಮರಳಿ ಎಲ್ಲವನ್ನೂ ಮತ್ತೆ ತಾನೇ ಮಾಡಬೇಕು, ಅದೂ ಆಗದಿದ್ದರೆ ಈ ವಿಚಾರಣೆ ತನ್ನಿಂದ ಮುಗಿಯಲಿಲ್ಲ ಎಂದು ಒಪ್ಪಿಕೊಂಡು, ಆ ನಮೂದು ಜರ್ನಲ್‌ನಲ್ಲಿರುವಂತೆಯೇ ಬೇರೆ ಊರಿನ ಕೆಲಸಕ್ಕೆ ಹೊರಡಬೇಕು.